ಮಾರಿ ಬೊಳ್ಳದಿಂದ ಮೊಬೈಲಿನವರೆಗೆ

ತುಳುವಿನಲ್ಲಿ ‘ಬೊಳ್ಳ’ ಎಂದರೆ ನೆರೆ. 1923ರಲ್ಲಿ ನೇತ್ರಾವತಿ ಉಕ್ಕಿ ಬಂಟ್ವಾಳ, ಪಾಣೆಮಂಗಳೂರು ಪೇಟೆಗಳು ಮುಳುಗಿದ್ದನ್ನು ದಕ್ಷಿಣ ಕನ್ನಡದ ಹಳೆಯ ಮನೆಗಳಲ್ಲಿ ಇಂದಿಗೂ ‘ಮಾರಿ ಬೊಳ್ಳ’ ಎಂದೇ ನೆನೆಯುತ್ತಾರೆ. ಆ ನೆರೆಯನ್ನು ದೂರದ ಊರಿನವರು ಕಣ್ಣಾರೆ ಕಂಡಿರಲಿಲ್ಲ. ಕಂಡವರ ಬಾಯಿಂದ ಕೇಳಿದ್ದರು. ಹೇಳುವವರ ಗುರುತು ಇತ್ತು. ಅನುಮಾನ ಬಂದರೆ ಮರಳಿ ಕೇಳಬಹುದಿತ್ತು.

1974ರಲ್ಲಿ ಬಂಟ್ವಾಳ ಮತ್ತೊಮ್ಮೆ ಮುಳುಗಿದಾಗ ಮಂಗಳೂರಿಗೆ ಆಕಾಶವಾಣಿ ಇನ್ನೂ ಬಂದಿರಲಿಲ್ಲ. ಅದು ಆರಂಭವಾದದ್ದು 1976ರಲ್ಲಿ. ಆ ಹೊತ್ತಿಗೆ ‘ಉದಯವಾಣಿ’ಗೆ ನಾಲ್ಕೇ ವರ್ಷ. ಸುದ್ದಿ ಊರೂರಿಗೆ ತಲಪಲು ಪತ್ರಿಕೆ ಬರುವ ತನಕ ಕಾಯಬೇಕಿತ್ತು. 2010ರ ಮೇ 22ರಂದು ಮಂಗಳೂರಿನಲ್ಲಿ ವಿಮಾನ ಬಿದ್ದು 158 ಮಂದಿ ಸತ್ತಾಗ ಮಾತ್ರ ಬೆಂಕಿ, ಹೊಗೆ ಅಂದೇ ಟಿ.ವಿ. ಮೂಲಕ ಮನೆಮನೆಗೆ ಬಂದವು.

2018ರ ಆಗಸ್ಟ್‌ನಲ್ಲಿ ಮಡಿಕೇರಿಯ ಮಹಡಿ ಮನೆಯೊಂದು ಗುಡ್ಡದಿಂದ ಜಾರಿ ಕುಸಿಯುವ ದೃಶ್ಯವನ್ನು ನಾಡಿಗೆ ತೋರಿಸಿದ್ದು ಯಾರದೋ ಮೊಬೈಲು. ಮರುವರ್ಷ ಆಗಸ್ಟ್ 9ರಂದು ಸರದಿ ಚಾರ್ಮಾಡಿಯದು. ಘಟ್ಟದಲ್ಲಿ ಗುಡ್ಡ ಜರಿಯಿತು. ಮೃತ್ಯುಂಜಯ ಹೊಳೆ ಮಣ್ಣು, ಮರ ಹೊತ್ತುಕೊಂಡು ಬುಡದ ಊರುಗಳ ತೋಟ, ಗದ್ದೆಗಳಿಗೆ ನುಗ್ಗಿತು. ಘಾಟಿ ರಸ್ತೆ ಬಂದ್ ಆಯಿತು. ಕೆಂಪು ನೀರಿನ ವಿಡಿಯೋಗಳು ಮುಂಬಯಿ, ಕೊಲ್ಲಿ ದೇಶಗಳಲ್ಲಿರುವ ಊರವರ ಕೈಗೂ ಸೇರಿದವು. ನೆರವು ಬೇಗ ಒದಗಲು ಇದರಿಂದ ಅನುಕೂಲವೇ ಆಗುತ್ತದೆ.

ತೊಡಕು ಬೇರೆಡೆ ಇದೆ. ಕೈಯಿಂದ ಕೈಗೆ ದಾಟುವಾಗ ವಿಡಿಯೋದ ದಿನಾಂಕ, ಸ್ಥಳ, ತೆಗೆದವರ ಹೆಸರು ಉದುರಿಹೋಗುತ್ತವೆ. ಹಳೆಯ ಕುಸಿತವೊಂದು ‘ಈಗಷ್ಟೇ’ ಎಂಬ ಒಕ್ಕಣೆ ಹೊತ್ತು ಮತ್ತೆ ಬಂದರೆ, ಘಟ್ಟದ ಬುಡದಲ್ಲಿ ಮನೆಯಿರುವವರು ಬೆಚ್ಚುತ್ತಾರೆ. ಹಾಗೆ ಎರಡು ಸಲ ಮೋಸಹೋದವರು ಮೂರನೆಯ ಸಲ ನಿಜವಾದ ಎಚ್ಚರಿಕೆಯನ್ನೂ ಕಡೆಗಣಿಸಬಹುದು. ಇನ್ನೊಂದು ಕಡೆ, ಬಂಧುವಿನ ಶವವನ್ನು ಮನೆಯವರು ಮೊದಲು ಕಾಣುವುದು ಮೊಬೈಲಿನಲ್ಲೇ ಆಗಿಬಿಡಬಹುದು.

ತಡೆಯುವ ಯತ್ನ ಇಲ್ಲದಿಲ್ಲ. 2005ರ ವಿಪತ್ತು ನಿರ್ವಹಣಾ ಕಾಯ್ದೆಯ 54ನೇ ಕಲಮಿನಂತೆ, ವಿಪತ್ತಿನ ಸುಳ್ಳು ಎಚ್ಚರಿಕೆ ಹಬ್ಬಿಸಿ ಭೀತಿ ಹುಟ್ಟಿಸಿದವರಿಗೆ ಒಂದು ವರ್ಷದವರೆಗೆ ಜೈಲು ಅಥವಾ ದಂಡ ವಿಧಿಸಬಹುದು. ವಾಟ್ಸ್‌ಆ್ಯಪ್ 2018ರಲ್ಲಿ ಭಾರತದಲ್ಲಿ ಸಂದೇಶವೊಂದನ್ನು ಒಮ್ಮೆಗೆ ಐದು ಕಡೆಗಷ್ಟೇ ಕಳಿಸುವಂತೆ ಮಿತಿ ಹಾಕಿತು.

ಆದರೂ ಘಟ್ಟದ ಬುಡದವರಿಗೆ ಹೆಚ್ಚು ಉಪಯೋಗಕ್ಕೆ ಬರುವುದು ಹಳೆಯ ರೂಢಿಯೇ. ‘ಯಾವ ಊರು, ಯಾವತ್ತು, ನೋಡಿದವರು ಯಾರು?’ ಎಂದು ಮಾರಿ ಬೊಳ್ಳದ ಸುದ್ದಿ ತಂದವರನ್ನು ಕೇಳಬಹುದಿತ್ತು. ವಿಡಿಯೋ ಮುಂದಕ್ಕೆ ಕಳಿಸುವ ಮೊದಲು ಕೇಳಬೇಕಾದ ಪ್ರಶ್ನೆಗಳೂ ಈ ಮೂರೇ.