ಮನಾಮಾದ ಸಹಿ, ಊರಿನ ರಾಜಿ ಡಿಕ್ರಿ

ಬಹರೈನಿನ ಸಿವಿಲ್ ನ್ಯಾಯದ ಚರಿತ್ರೆಯಲ್ಲಿ ನಮ್ಮ ಕರಾವಳಿಗೆ ಹತ್ತಿರದ ಒಂದು ಪುಟವಿದೆ. 1913ರ ಬಹರೈನ್ ಆರ್ಡರ್ ಇನ್ ಕೌನ್ಸಿಲ್ ಜಾರಿಗೆ ಬಂದದ್ದು 1919ರಲ್ಲಿ. ಬ್ರಿಟಿಷ್ ನ್ಯಾಯವ್ಯಾಪ್ತಿಗೆ ಒಳಪಟ್ಟವರ ಮಟ್ಟಿಗೆ ಆ ದ್ವೀಪವನ್ನು ಮುಂಬಯಿ ಪ್ರಾಂತ್ಯದ ಒಂದು ಜಿಲ್ಲೆಯೆಂದೇ ಬಗೆದು ಭಾರತದ ಸಿವಿಲ್ ಪ್ರಕ್ರಿಯಾ ಸಂಹಿತೆಯನ್ನು ಅಲ್ಲಿ ಅನ್ವಯಿಸಲಾಯಿತು. ಪೊಲಿಟಿಕಲ್ ಏಜೆಂಟನ ಕೋರ್ಟೇ ಜಿಲ್ಲಾ ನ್ಯಾಯಾಲಯ. ಆಗ ಮಂಗಳೂರು ಮದರಾಸಿಗೆ ಸೇರಿತ್ತು, ಕಾರವಾರ ಮುಂಬಯಿಗೆ. ರಾಜಿಯನ್ನು ದಾಖಲಿಸಿ ಡಿಕ್ರಿ ಮಾಡುವ 1908ರ ಸಂಹಿತೆಯ ಆದೇಶ 23, ನಿಯಮ 3 ಹೀಗೆ ಕಾರವಾರಕ್ಕೂ ಮನಾಮಾಕ್ಕೂ ಸಮಾನವಾಯಿತು. 1971ರಲ್ಲಿ ಬ್ರಿಟಿಷ್ ವ್ಯಾಪ್ತಿ ಮುಗಿದು, ಬಹರೈನ್ ತನ್ನದೇ ಪ್ರಕ್ರಿಯಾ ಕಾನೂನು ತಂದಿತು.

ಈಗಿನ ಕನ್ನಡಿಗರ ತಕರಾರು ಬೇರೆ ಬಗೆಯದು. ಮಾರಾಟಗಾರ ಬಹರೈನಿನಲ್ಲಿ, ಜಾಗ ಉಡುಪಿಯಲ್ಲೋ ಕುಂದಾಪುರದಲ್ಲೋ. ಮುಂಗಡ ಕೊಟ್ಟು ಕ್ರಯದ ಕರಾರು ಮಾಡಿಕೊಂಡವನು, ನೋಂದಣಿ ಮುಂದೆ ಹೋಗುತ್ತಲೇ ಇದ್ದಾಗ, ಕರಾರಿನಂತೆ ಕ್ರಯಪತ್ರ ಬರೆದುಕೊಡಬೇಕೆಂದು ದಾವೆ ಹೂಡುತ್ತಾನೆ. ಸಂಹಿತೆಯ 16ನೇ ಕಲಮಿನಂತೆ ಅದು ಸ್ವತ್ತು ಇರುವಲ್ಲಿಯ ಕೋರ್ಟಿನಲ್ಲೇ ನಡೆಯಬೇಕು. ರಾಜಿಯೂ ಅಲ್ಲಿಯೇ.

ರಾಜಿ ಲಿಖಿತವಾಗಿರಬೇಕು, ಪಕ್ಷಗಾರರ ಸಹಿ ಇರಬೇಕು ಎಂಬ ಮಾತು ಸೇರಿದ್ದು 1976ರ ತಿದ್ದುಪಡಿಯಲ್ಲಿ. ರಜೆ ಸಿಗದ ಪ್ರತಿವಾದಿಯ ಪರವಾಗಿ ಅಣ್ಣನೋ ಭಾವನೋ ಅಧಿಕಾರ ಪತ್ರ ಹಿಡಿದು ಬರುತ್ತಾನೆ. ಆ ಪತ್ರವನ್ನು ಮನಾಮಾದ ಭಾರತೀಯ ರಾಯಭಾರ ಕಚೇರಿಯಲ್ಲಿ ಮಾಡಿಸಬಹುದು. ಕರ್ನಾಟಕಕ್ಕೆ ತಲುಪಿದ ಮೂರು ತಿಂಗಳೊಳಗೆ ಇಲ್ಲಿಯ ಮುದ್ರಾಂಕ ಶುಲ್ಕ ಕಟ್ಟಬೇಕು. ಇಷ್ಟನ್ನು ಜನ ಮರೆಯುವುದಿಲ್ಲ. ಮರೆಯುವುದು ಒಕ್ಕಣೆಯನ್ನು. ಅಧಿಕಾರ ಪತ್ರವನ್ನು ಕೋರ್ಟು ಅಕ್ಷರ ಹಿಡಿದು ಓದುತ್ತದೆ. 'ದಾವೆ ನಡೆಸಲು' ಎಂದಷ್ಟೇ ಇದ್ದರೆ ರಾಜಿಯ ಅಧಿಕಾರ ಅದರಲ್ಲಿ ಅಡಗಿದೆ ಎಂದು ವಾದಿಸಬೇಕಾಗುತ್ತದೆ. 'ರಾಜಿ ಮಾಡಿಕೊಳ್ಳಲು, ರಾಜಿ ಅರ್ಜಿಗೆ ಸಹಿ ಹಾಕಲು' ಎಂದು ದಾವೆಯ ನಂಬರಿನೊಂದಿಗೆ ಬರೆದಿದ್ದರೆ ಆ ವಾದಕ್ಕೇ ಎಡೆಯಿಲ್ಲ. ನನ್ನ ಮಟ್ಟಿಗೆ ಇಡೀ ರಾಜಿಯಲ್ಲಿ ಬೆಲೆಗಿಂತ ತೂಕದ ವಾಕ್ಯ ಅದು.

ಕೋರ್ಟಿನ ದಾಖಲೆ ಎಲ್ಲವನ್ನೂ ಸಕ್ರಮಗೊಳಿಸುತ್ತದೆಂಬ ನಂಬಿಕೆಯೂ ಉಂಟು. ಒಪ್ಪಂದ ಕಾನೂನುಬದ್ಧವಾಗಿದ್ದರೆ ಮಾತ್ರ ಡಿಕ್ರಿ. ಖರೀದಿದಾರನೇ ಅನಿವಾಸಿಯಾಗಿದ್ದರೆ, ಕೃಷಿ ಭೂಮಿಯನ್ನೂ ತೋಟವನ್ನೂ ಕೊಳ್ಳಲು ವಿದೇಶಿ ವಿನಿಮಯ ನಿಯಮಗಳು ಬಿಡುವುದಿಲ್ಲ. ರಾಜಿಯ ದಾರಿಯಿಂದಲೂ ಅಡಿಕೆ ತೋಟ ಅವನದಾಗದು. ದಾವೆಯ ಷೆಡ್ಯೂಲಿನಲ್ಲಿ ಇಲ್ಲದ ಸೈಟನ್ನು ರಾಜಿಗೆ ಸೇರಿಸಿದರೆ ನೋಂದಣಿ ಕಾಯ್ದೆಯ 17(2)(vi) ಕೊಡುವ ವಿನಾಯಿತಿ ಅದಕ್ಕೆ ಸಿಗುವುದಿಲ್ಲ. ಮಾರುವವನು ಅನಿವಾಸಿಯಾದಾಗ ಮೂಲದಲ್ಲೇ ಆದಾಯ ತೆರಿಗೆ ಮುರಿದುಕೊಳ್ಳುವ ಹೊಣೆ ಕೊಳ್ಳುವವನದು; 'ಬಾಕಿ ಹಣ ಪೂರ್ತಿ' ಎಂದು ಬರೆದುಕೊಂಡವರು ಆಮೇಲೆ ಇದೇ ಮೊತ್ತಕ್ಕೆ ಜಗಳಾಡಬೇಕಾದೀತು.

ಒಮ್ಮೆ ದಾಖಲಾದ ರಾಜಿ ಸುಲಭಕ್ಕೆ ಕದಲದು. ಒಪ್ಪಿಗೆಯ ಡಿಕ್ರಿಗೆ ಸಂಹಿತೆಯ 96(3)ರಂತೆ ಅಪೀಲಿಲ್ಲ. ರದ್ದತಿಗೆ ಬೇರೆ ದಾವೆ ಹೂಡದಂತೆ ಆದೇಶ 23ರ ನಿಯಮ 3ಎ ತಡೆದಿದೆ. ಆಕ್ಷೇಪಿಸುವವನು ರಾಜಿ ದಾಖಲಿಸಿದ ಕೋರ್ಟಿಗೇ ಹೋಗಬಹುದೆಂದು ಸುಪ್ರೀಂ ಕೋರ್ಟು 1992ರ ಬನ್ವಾರಿ ಲಾಲ್ ಪ್ರಕರಣದಲ್ಲಿ ಹೇಳಿತು. 2022ರಲ್ಲಿ ಕರ್ನಾಟಕದ್ದೇ ಒಂದು ಪ್ರಕರಣದಲ್ಲಿ, ಲೋಕ ಅದಾಲತ್ತಿನ ರಾಜಿಯನ್ನು ರದ್ದುಪಡಿಸಿದ್ದ ಹೈಕೋರ್ಟ್ ಆದೇಶವನ್ನು ಅದೇ ಸುಪ್ರೀಂ ಕೋರ್ಟು ತಳ್ಳಿಹಾಕಿತು: ವಂಚನೆ ಎಂದರೆ ಸಾಲದು, ವಿವರವಾಗಿ ಹೇಳಿ ರುಜುವಾತುಪಡಿಸಬೇಕು. ರಾಜಿಯ ಬಳಿಕವೂ ಮಾರಾಟಗಾರ ಬಹರೈನಿನಿಂದ ಬರದಿದ್ದರೆ, ಆದೇಶ 21ರ ನಿಯಮ 34ರಂತೆ ಅವನ ಪರವಾಗಿ ಕೋರ್ಟೇ ಕ್ರಯಪತ್ರ ಬರೆಸಿಕೊಡುತ್ತದೆ.