ಮಧುಗಿರಿ ಸೀಮೆಯ ಜೇನು

ಹಿಮ್ಮಡಿ ಮುಟ್ಟುವ ಕೂದಲಿದ್ದ ಹೆಣ್ಣೊಬ್ಬಳಿಂದ ಮಿಡಿಗೇಶಿಗೆ ಹೆಸರು ಬಂತೆಂಬ ಐತಿಹ್ಯ ಆ ಕಡೆ ಎಲ್ಲರಿಗೂ ಗೊತ್ತು. ತಾಲ್ಲೂಕು ಕೇಂದ್ರದ ಹೆಸರು ಹಳೆಯ ದಾಖಲೆಗಳಲ್ಲಿ ಮದ್ದಗಿರಿ. ಅದು ಮಧುಗಿರಿಯಾದ ಮೇಲೆ ಜನ ಜೇನಿನ ಬೆಟ್ಟವೆಂದೇ ತಿಳಿದರು. ಪಂಡಿತರು ಒಪ್ಪಲಿ ಬಿಡಲಿ, ಬಂಡೆಗೆ ಹೆಜ್ಜೇನು ಕಟ್ಟುವುದಂತೂ ನಿಜ. ಪಾಳೇಗಾರರು, ಮೈಸೂರು ಒಡೆಯರು, ಹೈದರಾಲಿ ಇವರೆಲ್ಲರ ಲೆಕ್ಕ ಚರಿತ್ರೆಯ ಪುಸ್ತಕಗಳಲ್ಲಿದೆ. ಮನೆಯಲ್ಲಿ ಶಹದ್ ಎಂದೂ ಶಾಲೆಯಲ್ಲಿ ಜೇನು ಎಂದೂ ನಾವು ಕಲಿತ ಆ ಜೀವಿಗೆ ಅಲ್ಲಿ ಜಾಗವಿಲ್ಲ. ಅದರ ಗತಿ ತಿಳಿಯಲು ಬೇರೆ ಊರಿಗೆ ಹೋಗಬೇಕು.

ಕಾಸರಗೋಡಿನ ಗಡಿಯಲ್ಲಿ ಪಡ್ರೆ ಎಂಬ ಕನ್ನಡದ ಹಳ್ಳಿ. ಸುತ್ತಲ ಗುಡ್ಡಗಳಲ್ಲಿ ಕೇರಳ ಸರ್ಕಾರದ ಪ್ಲಾಂಟೇಷನ್ ಕಾರ್ಪೊರೇಷನ್ನಿನ ಗೇರು ತೋಟ. 1970ರ ದಶಕದ ಕೊನೆಯಿಂದ 2000ದವರೆಗೆ ಅದರ ಮೇಲೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸುರಿಯಿತು. ಮಕ್ಕಳ ಅಂಗವೈಕಲ್ಯ ಸುದ್ದಿಯಾಗುವ ಮೊದಲೇ ಜೇನು, ಕಪ್ಪೆ, ಮೀನು ಸಾಯುವುದನ್ನು ಊರವರು ಕಂಡಿದ್ದರು. ಅದೇ ಊರಿನ ಪತ್ರಕರ್ತ ಶ್ರೀಪಡ್ರೆ ಬರೆದರು, ವೈದ್ಯ ಮೋಹನ ಕುಮಾರ್ ರೋಗಿಗಳನ್ನು ಲೆಕ್ಕ ಹಾಕಿದರು, ಲೀಲಾಕುಮಾರಿ ಅಮ್ಮ ನ್ಯಾಯಾಲಯಕ್ಕೆ ಹೋದರು. ಸುಪ್ರೀಂ ಕೋರ್ಟು ದೇಶಾದ್ಯಂತ ಅದನ್ನು ತಡೆದದ್ದು 2011ರ ಮೇನಲ್ಲಿ. ಜೇನು ಕೊಟ್ಟ ಸೂಚನೆಯನ್ನು ನಾವು ಓದಲು ಇಷ್ಟು ವರ್ಷ ಹಿಡಿಯಿತು.

ಎಲ್ಲವನ್ನೂ ಔಷಧದ ತಲೆಗೆ ಕಟ್ಟುವುದೂ ನ್ಯಾಯವಲ್ಲ. 1990ರ ದಶಕದ ಆರಂಭದಲ್ಲಿ ದಕ್ಷಿಣ ಭಾರತದ ತುಡುವೆ ಜೇನಿನ ಬಹುಪಾಲು ಪೆಟ್ಟಿಗೆಗಳನ್ನು ಬರಿದು ಮಾಡಿದ್ದು ಥಾಯ್ ಸ್ಯಾಕ್‌ಬ್ರೂಡ್ ಎಂಬ ವೈರಸ್. ಆದರೆ ಹೊಸ ಔಷಧಗಳ ರೀತಿ ಬೇರೆ. ಇಮಿಡಾಕ್ಲೋಪ್ರಿಡ್‌ನಂಥವನ್ನು ಬೀಜಕ್ಕೆ ಲೇಪಿಸಿದರೂ ಅದು ಗಿಡದೊಳಗೆ ಹರಿದು ಮಕರಂದಕ್ಕೂ ಪರಾಗಕ್ಕೂ ಬರುತ್ತದೆ. 2012ರಲ್ಲಿ ಫ್ರಾನ್ಸಿನ ವಿಜ್ಞಾನಿಗಳು ಜೇನ್ನೊಣಗಳ ಬೆನ್ನಿಗೆ ಪುಟ್ಟ ಚಿಪ್ ಅಂಟಿಸಿ, ಇದೇ ಬಳಗದ ಥಯಾಮೆಥಾಕ್ಸಾಮ್ ಅನ್ನು ಕೊಲ್ಲದಷ್ಟು ಉಣಿಸಿ ನೋಡಿದರು. ಸಾಯದೆ ಉಳಿದರೂ ಅನೇಕ ನೊಣಗಳು ಗೂಡಿನ ದಾರಿ ಮರೆತವು. 2018ರಲ್ಲಿ ಯೂರೋಪ್ ಈ ಬಳಗದ ಮೂರು ಔಷಧಗಳನ್ನು ಬಯಲಿನ ಬೆಳೆಗೆ ನಿಷೇಧಿಸಿತು.

ಮಿಡಿಗೇಶಿಯ ಶೇಂಗಾಕ್ಕೆ ಜೇನಿನ ಹಂಗು ಅಷ್ಟಿಲ್ಲ, ತನ್ನ ಪರಾಗವೇ ಸಾಕು. ಸೂರ್ಯಕಾಂತಿ ಹಾಗಲ್ಲ. ನೊಣ ಬಾರದಿದ್ದರೆ ಕಾಳು ಜೊಳ್ಳು. ಅದಕ್ಕೇ ಕೃಷಿ ಸಲಹೆಯಲ್ಲಿ, ಹೂ ಅರಳಿದ ಬೆಳಿಗ್ಗೆ ಮೆತ್ತನೆಯ ಬಟ್ಟೆಯಿಂದ ಒಂದೊಂದೇ ತೆನೆಯನ್ನು ಸವರುತ್ತ ಹೋಗಬೇಕೆಂದು ರೈತರಿಗೆ ಹೇಳುತ್ತಾರೆ. ಆ ಕೂಲಿಯನ್ನು ಯಾರೂ ಔಷಧದ ಖರ್ಚಿಗೆ ಸೇರಿಸುವುದಿಲ್ಲ.