ಪ್ರವಾಸದ ಐಸ್‌ಬಾಕ್ಸ್: ಎಷ್ಟು ಲೀಟರಿನದು ಸೂಕ್ತ?

ಮಕ್ಕಳ ವಾರ್ಷಿಕ ಪರೀಕ್ಷೆಗಳು ಮುಗಿಯುತ್ತಿದ್ದಂತೆ ಮುಂಬಯಿ, ಪುಣೆ, ಹೈದರಾಬಾದ್ ಮುಂತಾದ ನಗರಗಳ ಕನ್ನಡ ಕುಟುಂಬಗಳಲ್ಲಿ ಊರಿಗೆ ಹೊರಡುವ ಸಿದ್ಧತೆ ತೊಡಗುತ್ತದೆ. ಸ್ವಂತ ವಾಹನದಲ್ಲಿ ಪ್ರಯಾಣಿಸುವವರು ಮೊಸರನ್ನ, ಮಜ್ಜಿಗೆ, ಹಣ್ಣು, ಮಕ್ಕಳ ಹಾಲು, ಹಿರಿಯರ ಔಷಧಿ ಎಲ್ಲವನ್ನೂ ತಂಪಾಗಿ ಒಯ್ಯಲು ದೊಡ್ಡ ಐಸ್‌ಬಾಕ್ಸ್ ಕೊಳ್ಳುವುದುಂಟು. ಅಂಗಡಿಯಲ್ಲಿ ನಿಂತಾಗ ಹೆಚ್ಚಿನವರು ಯೋಚಿಸುವುದು ಒಂದೇ: ‘ದೊಡ್ಡದೇ ಇರಲಿ, ಯಾವಾಗಲಾದರೂ ಬೇಕಾಗುತ್ತದೆ.’ ಈ ಯೋಚನೆ ಎಷ್ಟು ಸರಿ ಎಂಬುದನ್ನು ಇಲ್ಲಿ ಲೆಕ್ಕ ಸಹಿತ ಪರಿಶೀಲಿಸೋಣ.

ತಂಪು ಏಕೆ ಬೇಕು?

ಇದು ಕೇವಲ ರುಚಿಯ ಪ್ರಶ್ನೆಯಲ್ಲ. ಬೇಗ ಕೆಡುವ ಆಹಾರವನ್ನು 5 ಡಿಗ್ರಿ ಸೆಲ್ಸಿಯಸ್‌ಗಿಂತ ಕೆಳಗೆ ಅಥವಾ 60 ಡಿಗ್ರಿಗಿಂತ ಮೇಲೆ ಇಡಬೇಕು, ಸಾಮಾನ್ಯ ಉಷ್ಣತೆಯಲ್ಲಿ ಎರಡು ಗಂಟೆಗಿಂತ ಹೆಚ್ಚು ಇಡಬಾರದು ಎಂಬುದು ವಿಶ್ವ ಆರೋಗ್ಯ ಸಂಸ್ಥೆಯ ಸಲಹೆ. ಈ ಎರಡು ಮಿತಿಗಳ ನಡುವೆ ಬ್ಯಾಕ್ಟೀರಿಯಾಗಳು ಶೀಘ್ರವಾಗಿ ವೃದ್ಧಿಸುತ್ತವೆ. ತೆಂಗಿನಕಾಯಿ ಚಟ್ನಿ ಬೇಸಗೆಯಲ್ಲಿ ಬೇಗನೆ ಹಳಸುವುದು ನಮ್ಮ ಗೃಹಿಣಿಯರಿಗೆ ಗೊತ್ತಿರುವ ಸಂಗತಿ. ಆದರೆ ಅನ್ನದ ಅಪಾಯ ಅಷ್ಟಾಗಿ ತಿಳಿದಿಲ್ಲ. ಬೆಂದ ಅನ್ನ ಬಹುಕಾಲ ಬೆಚ್ಚಗೆ ಉಳಿದರೆ ಬ್ಯಾಸಿಲಸ್ ಸೀರಿಯಸ್ ಎಂಬ ಬ್ಯಾಕ್ಟೀರಿಯಾ ಅದರಲ್ಲಿ ಬೆಳೆದು ವಿಷವನ್ನು ಉತ್ಪಾದಿಸಬಲ್ಲದು. ವಾಂತಿ ಬರಿಸುವ ಈ ವಿಷ ಮತ್ತೆ ಬಿಸಿ ಮಾಡಿದರೂ ನಾಶವಾಗುವುದಿಲ್ಲ. ವಾಸನೆಯಲ್ಲಿ ವ್ಯತ್ಯಾಸ ಕಾಣದಿದ್ದರೂ ಅಂತಹ ಅನ್ನ ಮಕ್ಕಳಿಗೂ ವೃದ್ಧರಿಗೂ ತೊಂದರೆ ತರಬಹುದು.

ಪೆಟ್ಟಿಗೆ ದೊಡ್ಡದಾದರೆ ಏನಾಗುತ್ತದೆ?

ಒಂದು ಕಿಲೋ ಮಂಜುಗಡ್ಡೆ ಕರಗುವಾಗ ಸುಮಾರು 334 ಕಿಲೋಜೂಲ್ ಶಾಖವನ್ನು ಹೀರಿಕೊಳ್ಳುತ್ತದೆ. ಹೊರಗಿನ ಶಾಖ ಗೋಡೆಯ ಮೂಲಕ ಒಳಬರುತ್ತದೆ. ಆದುದರಿಂದ ಗೋಡೆಯ ವಿಸ್ತಾರ ಹೆಚ್ಚಿದಷ್ಟೂ ಮಂಜುಗಡ್ಡೆಯ ಖರ್ಚು ಹೆಚ್ಚು. 3 ಸೆಂಟಿಮೀಟರ್ ದಪ್ಪದ ಪಾಲಿಯುರಿಥೇನ್ ಫೋಮ್ ತುಂಬಿದ 50 ಲೀಟರಿನ ಪೆಟ್ಟಿಗೆಯನ್ನು 32 ಡಿಗ್ರಿ ಉಷ್ಣತೆಯ ನೆರಳಿನಲ್ಲಿ ಇಟ್ಟರೆ, ಮುಚ್ಚಳ ತೆರೆಯದಿದ್ದರೂ ದಿನಕ್ಕೆ ಸುಮಾರು 6 ಕಿಲೋ ಮಂಜುಗಡ್ಡೆ ಕರಗುತ್ತದೆಂದು ಲೆಕ್ಕ ಹಾಕಬಹುದು. ಅದೇ ಬಗೆಯ 100 ಲೀಟರಿನ ಪೆಟ್ಟಿಗೆಯಲ್ಲಿ ಇದು 10 ಕಿಲೋದಷ್ಟಾಗುತ್ತದೆ. 30 ಲೀಟರಿನದರಲ್ಲಿ ನಾಲ್ಕೂವರೆ ಕಿಲೋ.

ಈ ಅಂಕಿಗಳಿಂದ ಎರಡು ವಿಷಯ ಸ್ಪಷ್ಟವಾಗುತ್ತವೆ. ದೊಡ್ಡ ಪೆಟ್ಟಿಗೆ ಪೂರ್ತಿ ತುಂಬಿದ್ದರೆ ಲೀಟರೊಂದಕ್ಕೆ ತಗಲುವ ಖರ್ಚು ಕಡಿಮೆ. ಆದರೆ ಸಣ್ಣ ಪೆಟ್ಟಿಗೆಯಲ್ಲಿ ಹಿಡಿಯುವ ಸಾಮಾನನ್ನೇ ದೊಡ್ಡದರಲ್ಲಿ ಇಟ್ಟರೆ, ಖಾಲಿ ಜಾಗವನ್ನು ತಂಪಾಗಿಡಲು ದಿನಕ್ಕೆ 4 ಕಿಲೋ ಮಂಜುಗಡ್ಡೆ ವ್ಯರ್ಥವಾಗುತ್ತದೆ. ಮುಚ್ಚಳ ತೆರೆದಾಗಲೆಲ್ಲ ಆ ಖಾಲಿ ಜಾಗದ ತಂಪು ಗಾಳಿ ಹೊರಹೋಗಿ ಬಿಸಿ ಗಾಳಿ ಸೇರುತ್ತದೆ. ಆದ್ದರಿಂದ ನಮ್ಮ ಅಗತ್ಯದಿಂದ ತುಂಬಿಕೊಳ್ಳುವ ಪೆಟ್ಟಿಗೆಯೇ ಸರಿಯಾದ ಪೆಟ್ಟಿಗೆ. ಗೋಡೆಯ ಗುಣಮಟ್ಟವೂ ಮುಖ್ಯ: ಎರಡೂವರೆ ಸೆಂಟಿಮೀಟರ್ ದಪ್ಪದ ಸಾಮಾನ್ಯ ಥರ್ಮೋಕೋಲ್ ಪೆಟ್ಟಿಗೆಯಾದರೆ 50 ಲೀಟರಿಗೆ ದಿನಕ್ಕೆ 10 ಕಿಲೋದಷ್ಟು ಬೇಕಾದೀತು.

ಅಳತೆಯ ಲೆಕ್ಕ

ಮೊದಲು ತಂಪಾಗಿಡಬೇಕಾದ ವಸ್ತುಗಳನ್ನು ಲೀಟರಿನಲ್ಲಿ ಕೂಡಿಸಿರಿ. ಒಂದು ದಿನದ ಪ್ರಯಾಣಕ್ಕೆ ಅದರ ಅರ್ಧದಷ್ಟು, ಎರಡು ದಿನಕ್ಕೆ ಬಹುಮಟ್ಟಿಗೆ ಅಷ್ಟೇ ಜಾಗವನ್ನು ಮಂಜುಗಡ್ಡೆಗೆ ಮೀಸಲಿಡಿರಿ. ಬಾಟಲಿ, ಡಬ್ಬಿಗಳ ನಡುವಿನ ಸಂದುಗಳಿಗಾಗಿ ಒಟ್ಟು ಅಳತೆಯ ಕಾಲು ಭಾಗವನ್ನು ಸೇರಿಸಿರಿ.

ನಾಲ್ವರ ಕುಟುಂಬ, ಒಂದು ದಿನ: 8 ಲೀಟರ್ ನೀರು, ಉಳಿದಂತೆ ಮಜ್ಜಿಗೆ, ಮೊಸರನ್ನ, ಹಣ್ಣು ಸೇರಿ ಒಟ್ಟು 14 ಲೀಟರ್. ಮಂಜುಗಡ್ಡೆಗೆ 7, ಸಂದುಗಳಿಗೆ 5 ಅಥವಾ 6. ಅಂದರೆ 30 ಲೀಟರಿನ ಪೆಟ್ಟಿಗೆ ಸಾಕು.

ಅದೇ ಕುಟುಂಬ, ದಾರಿಯಲ್ಲಿ ಒಂದು ರಾತ್ರಿ ತಂಗುವ ಎರಡು ದಿನದ ಪ್ರಯಾಣ: ಸಾಮಾನು 20 ಲೀಟರ್, ಮಂಜುಗಡ್ಡೆ 15 ಕಿಲೋ ಅಂದರೆ ಸುಮಾರು 17 ಲೀಟರ್, ಸಂದುಗಳಿಗೆ 9. ಒಟ್ಟು 46, ಆದ್ದರಿಂದ 50 ಲೀಟರಿನ ಪೆಟ್ಟಿಗೆ.

ಸಂಘದ ವಿಹಾರಕೂಟ, 50 ಜನ, ಒಂದು ದಿನ: ಮಜ್ಜಿಗೆ 20 ಲೀಟರ್, ನೀರು 25 ಲೀಟರ್. ಇವೆರಡಕ್ಕೇ ಮಂಜುಗಡ್ಡೆ, ಸಂದುಗಳು ಸೇರಿ ಸುಮಾರು 85 ಲೀಟರ್ ಬೇಕು. ಮೊಸರನ್ನ, ಸಿಹಿತಿಂಡಿಗಳಿಗೆ ಬೇರೆ. ಇಲ್ಲಿ ಒಂದೇ ಬೃಹತ್ ಪೆಟ್ಟಿಗೆಯ ಬದಲು ಪಾನೀಯಕ್ಕೆ 50 ಲೀಟರಿನ ಎರಡು, ಆಹಾರಕ್ಕೆ 30 ಲೀಟರಿನ ಒಂದು ಪೆಟ್ಟಿಗೆ ಒಯ್ಯುವುದು ಉತ್ತಮ. ಪಾನೀಯದ ಪೆಟ್ಟಿಗೆಯನ್ನು ಗಳಿಗೆಗೊಮ್ಮೆ ತೆರೆಯುತ್ತಾರೆ. ಆಹಾರದ ಪೆಟ್ಟಿಗೆ ಊಟದ ಹೊತ್ತಿನವರೆಗೆ ಮುಚ್ಚಿಯೇ ಇರಬೇಕು.

ವಿದೇಶದ ಕೆಲವು ಪೆಟ್ಟಿಗೆಗಳ ಮೇಲೆ ಅಳತೆ ‘ಕ್ವಾರ್ಟ್’ ಎಂದಿರುತ್ತದೆ. ಅಮೆರಿಕದ ಒಂದು ಕ್ವಾರ್ಟ್ ಎಂದರೆ 0.946 ಲೀಟರ್, 52 ಕ್ವಾರ್ಟಿನ ಪೆಟ್ಟಿಗೆ ಸುಮಾರು 49 ಲೀಟರಿನದು.

ಎತ್ತುವವರು ಯಾರು?

ತುಂಬಿದ 30 ಲೀಟರಿನ ಪೆಟ್ಟಿಗೆ ಸುಮಾರು 25 ಕಿಲೋ, 50 ಲೀಟರಿನದು 40 ಕಿಲೋ, 100 ಲೀಟರಿನದು 80 ಕಿಲೋ ತೂಗುತ್ತದೆ. ಲಿಫ್ಟ್ ಇಲ್ಲದ ಹಳೆಯ ಕಟ್ಟಡದ ಮೂರನೆಯ ಮಹಡಿಯಿಂದ ಇಳಿಸುವವರು ಇದನ್ನು ಮರೆಯಬಾರದು. ಕೊಳ್ಳುವ ಮೊದಲು ಕಾರಿನ ಡಿಕ್ಕಿಯನ್ನು ಅಳೆದು, ಪೆಟ್ಟಿಗೆಯ ಹೊರ ಅಳತೆಯೊಂದಿಗೆ ಹೋಲಿಸಿ ನೋಡಬೇಕು. ಗೋಡೆ ದಪ್ಪವಾಗಿದ್ದಷ್ಟೂ ಹೊರ ಅಳತೆ ಹೆಚ್ಚು.

ರೈಲು ಪ್ರಯಾಣಿಕರಿಗೆ ದೊಡ್ಡ ಪೆಟ್ಟಿಗೆ ಹೇಳಿಸಿದ್ದಲ್ಲ. ಡಬ್ಬಿಯೊಳಗೆ ಒಯ್ಯುವ ಪೆಟ್ಟಿಗೆಗಳಿಗೆ ರೈಲ್ವೆಯ ನಿಯಮದಲ್ಲಿ ಹೇಳಿರುವ ಮಿತಿ 100, 60, 25 ಸೆಂಟಿಮೀಟರ್. ಮೂರು ಹಂತದ ಹವಾನಿಯಂತ್ರಿತ ಡಬ್ಬಿಯಲ್ಲಿ 55, 45, 22.5 ಸೆಂಟಿಮೀಟರ್. 30 ಲೀಟರಿನ ಪೆಟ್ಟಿಗೆಗಳ ಎತ್ತರ ಸಾಮಾನ್ಯವಾಗಿ ಇದನ್ನು ಮೀರುತ್ತದೆ. ಕೊಂಕಣ ರೈಲುಮಾರ್ಗದಲ್ಲಿ ಒಂದು ರಾತ್ರಿ ಪ್ರಯಾಣಿಸುವವರಿಗೆ 10 ಲೀಟರಿನ ಮೃದು ಚೀಲವೇ ಅನುಕೂಲ.

ತುಂಬುವ ಕ್ರಮ

ಹಿಂದಿನ ರಾತ್ರಿಯೇ ಎಲ್ಲವನ್ನೂ ಫ್ರಿಜ್ಜಿನಲ್ಲಿ ತಂಪುಮಾಡಿರಬೇಕು. 30 ಡಿಗ್ರಿಯಲ್ಲಿರುವ ಒಂದು ಲೀಟರ್ ನೀರನ್ನು 4 ಡಿಗ್ರಿಗೆ ಇಳಿಸಲು ಮೂರನೇ ಒಂದು ಕಿಲೋ ಮಂಜುಗಡ್ಡೆ ಬೇಕು. ಬೆಚ್ಚಗಿನ 12 ಬಾಟಲಿಗಳನ್ನು ಇಟ್ಟರೆ ಹೊರಡುವ ಮೊದಲೇ 4 ಕಿಲೋ ಮುಗಿದಂತೆ. ಪುಡಿ ಮಂಜಿಗಿಂತ ದೊಡ್ಡ ಗಡ್ಡೆ ನಿಧಾನವಾಗಿ ಕರಗುತ್ತದೆ. ಬಾಟಲಿಗಳಲ್ಲಿ ಹೆಪ್ಪುಗಟ್ಟಿಸಿದ ನೀರು ಇನ್ನೂ ಅನುಕೂಲ, ಕರಗಿದ ಮೇಲೆ ಕುಡಿಯಬಹುದು. ಬಾಟಲಿಯನ್ನು ಪೂರ್ತಿ ತುಂಬದೆ, ನೀರು ಗಟ್ಟಿಯಾಗಿ ಹಿಗ್ಗಲು ಸ್ವಲ್ಪ ಜಾಗ ಬಿಡಬೇಕು. ಕಾರ್ಖಾನೆಯ ಮಂಜುಗಡ್ಡೆ ಕುಡಿಯುವ ನೀರಿನದೆಂಬ ಭರವಸೆ ಇಲ್ಲದಿದ್ದರೆ ಅದು ಆಹಾರಕ್ಕೆ ತಾಗಬಾರದು. ಊರಿನಿಂದ ಮರಳುವಾಗ ಮಲ್ಪೆಯ ಮೀನು ತರುವವರು ಮೀನಿನಷ್ಟೇ ತೂಕದ ಮಂಜುಗಡ್ಡೆ ಹಾಕಿ, ಕರಗಿದ ನೀರನ್ನು ಆಗಾಗ ಹೊರಬಿಡಬೇಕು. ಅದಕ್ಕೆ ಪ್ರತ್ಯೇಕ ಪೆಟ್ಟಿಗೆ ಇರಲಿ. ಡ್ರೈ ಐಸ್ ಇಂಗಾಲದ ಡೈಆಕ್ಸೈಡ್ ಅನಿಲವಾಗಿ ಮಾರ್ಪಡುವುದರಿಂದ, ಕಿಟಕಿ ಮುಚ್ಚಿದ ಕಾರಿನಲ್ಲಿ ಉಸಿರಾಟಕ್ಕೆ ಅಪಾಯಕಾರಿ.

ಇನ್ಸುಲಿನ್ ವಿಷಯದಲ್ಲಿ ವಿಶೇಷ ಎಚ್ಚರ ಅಗತ್ಯ. ತೆರೆಯದ ಇನ್ಸುಲಿನ್ 2ರಿಂದ 8 ಡಿಗ್ರಿಯಲ್ಲಿ ಇರಬೇಕು. ಹೆಪ್ಪುಗಟ್ಟಿದ ಇನ್ಸುಲಿನ್ ಕರಗಿದ ಮೇಲೂ ಬಳಕೆಗೆ ಯೋಗ್ಯವಲ್ಲ. ಆದುದರಿಂದ ಅದನ್ನು ಮಂಜುಗಡ್ಡೆಗೆ ತಾಗಿಸದೆ, ಬಟ್ಟೆಯಲ್ಲಿ ಸುತ್ತಿ ಬೇರೆ ಡಬ್ಬಿಯಲ್ಲಿ ಮೇಲ್ಭಾಗದಲ್ಲಿ ಇಡಬೇಕು. ಮಂಜುಗಡ್ಡೆಗೆ ಉಪ್ಪು ಬೆರೆಸಿದರೆ ಉಷ್ಣತೆ ಸೊನ್ನೆಗಿಂತ ಬಹಳ ಕೆಳಗಿಳಿಯುವುದರಿಂದ ಔಷಧಿ ಇರುವ ಪೆಟ್ಟಿಗೆಯಲ್ಲಿ ಆ ಉಪಾಯ ಸಲ್ಲದು.

ಕೊಳ್ಳಲು ಹೋಗುವ ಮೊದಲು ಒಂದು ಕಾಗದದ ಮೇಲೆ ಜನರೆಷ್ಟು, ದಿನವೆಷ್ಟು, ತಂಪಾಗಿಡಬೇಕಾದುದು ಎಷ್ಟು ಲೀಟರ್ ಎಂದು ಬರೆದುಕೊಂಡರೆ ಅಂಗಡಿಯಲ್ಲಿ ಗೊಂದಲವಾಗದು. ವರ್ಷಕ್ಕೊಮ್ಮೆ ಮಾತ್ರ ಬೇಕಾಗುವ ಬೃಹತ್ ಪೆಟ್ಟಿಗೆಯನ್ನು ನೆರೆಹೊರೆಯ ಎರಡು ಮನೆಯವರು ಕೂಡಿ ಕೊಂಡು ಹಂಚಿಕೊಳ್ಳಬಹುದು. ಮನೆಗೊಂದು 30 ಲೀಟರಿನದು ಇದ್ದರೆ ಹೆಚ್ಚಿನ ಪ್ರಯಾಣಗಳಿಗೆ ಅದೇ ಸಾಕಾಗುತ್ತದೆ ಎಂಬುದು ನಮ್ಮ ಅಭಿಪ್ರಾಯ. ಎಲ್ಲರ ಪ್ರಯಾಣವೂ ಸುಖಕರವಾಗಲಿ.